ನಾಲ್ಕನೆಯ ಒಲೆ

ಕುವೈತಿನ ಅಬು ಹಲೀಫಾದಲ್ಲಿ ನಮ್ಮ ಕಟ್ಟಡದ ಹಿಂಬದಿಗೆ ಎರಡು ಅಂಗಡಿಗಳು ಗೋಡೆಗೆ ಗೋಡೆ ಅಂಟಿಕೊಂಡಿವೆ. ಒಂದು ಉಳ್ಳಾಲದ ಮಮ್ಮು ಅವರ ಬಕಾಲಾ. ಹಾಲು, ಮೊಟ್ಟೆ, ಕುಚ್ಚಲಕ್ಕಿ, ಫೋನಿನ ಚಾರ್ಜರು ಎಲ್ಲವೂ ಸಿಗುವ ಸಣ್ಣ ದಿನಸಿ ಅಂಗಡಿ. ಇನ್ನೊಂದು ನೊರೂಜ್ ಅಲಿಯ ಖುಬ್ಸ್ ಅಂಗಡಿ. ಅಲ್ಲಿ ಸಿಗುವುದು ರೊಟ್ಟಿ ಮಾತ್ರ. ಎಳ್ಳು ಹಾಕಿದ್ದು, ಹಾಕದ್ದು ಎಂಬ ಎರಡೇ ಬಗೆ.

ನೊರೂಜ್ ಅಲಿ ಇರಾನಿನವನು. ಹೆಚ್ಚುಕಡಿಮೆ ನನ್ನ ವಯಸ್ಸು, ನನಗಿಂತ ದುಪ್ಪಟ್ಟು ಅಗಲದ ಭುಜ. ಹಿಟ್ಟಿನ ಉಂಡೆಯನ್ನು ತಟ್ಟಿ, ಬಟ್ಟೆಯ ದಿಂಬಿನ ಮೇಲೆ ಎಳೆದು ಹರಡಿ, ತಂದೂರಿನ ಕಾದ ಗೋಡೆಗೆ ಒಂದೇ ಏಟಿಗೆ ಅಂಟಿಸುತ್ತಾನೆ. ಬೆಂದದ್ದನ್ನು ಕಬ್ಬಿಣದ ಕೊಕ್ಕೆಯಿಂದ ಎಳೆದು ಗಿರಾಕಿಗಳ ಎದುರಿನ ಜಾಲರಿಗೆ ಎಸೆಯುತ್ತಾನೆ. ಗಿರಾಕಿ ಅದನ್ನು ಜಾಲರಿಯ ಮೇಲೆ ಹರಡಿ ಆರಿಸಿಕೊಳ್ಳಬೇಕು. ಬಿಸಿಯಿರುವಾಗಲೇ ಪೇರಿಸಿ ಚೀಲಕ್ಕೆ ತುಂಬಿದರೆ ರೊಟ್ಟಿ ಬೆವತು ಮೆತ್ತಗಾಗುತ್ತದೆ. ಹಾಗೆ ತುಂಬುವವರನ್ನು ಕಂಡರೆ ನೊರೂಜನ ಮುಖ, ತನ್ನ ಮಗಳನ್ನು ಕೆಟ್ಟ ಮನೆಗೆ ಕೊಟ್ಟವನ ಮುಖದಂತಾಗುತ್ತದೆ.

ಅವನು ನಮ್ಮೊಡನೆ ಮಾತಾಡುವುದು ಕೊಲ್ಲಿಯ ಹಿಂದಿಯಲ್ಲಿ. ಈ ಹಿಂದಿಯಲ್ಲಿ ಲಿಂಗವಿಲ್ಲ, ಕಾಲ ಒಂದೇ, ಕೊನೆಗೆ ‘ಖಲಾಸ್’ ಎಂದರೆ ವಾಕ್ಯ ಮುಗಿಯಿತು. ನಾನು ಇಲ್ಲಿ ಅದನ್ನು ಕನ್ನಡದಲ್ಲಿ ಕೊಡುತ್ತಿದ್ದೇನೆ.

ಅವನ ಊರು ಗೆರ್ದೂಬಾದ್. ಅಕ್ರೋಟಿನ ಊರು ಎಂದು ಅರ್ಥವಂತೆ. ಎಲ್ಲಿದೆ ಎಂದು ಕೇಳಿದರೆ ‘ಶಿರಾಜಿನ ಪಕ್ಕ’ ಎನ್ನುತ್ತಿದ್ದ. ಪಕ್ಕ ಎಂದರೆ ಶಿರಾಜಿನಿಂದ ಬಸ್ಸಿನಲ್ಲಿ ಅರ್ಧ ದಿನ, ಆಮೇಲೆ ಯಾರಾದರೂ ಹತ್ತಿಸಿಕೊಂಡರೆ ಪಿಕಪ್ಪು, ಹತ್ತಿಸಿಕೊಳ್ಳದಿದ್ದರೆ ಕಾಲು. ಎಷ್ಟು ದೊಡ್ಡ ಊರು ಎಂದರೆ, ‘ಎಲ್ಲರಿಗೂ ಎಲ್ಲರೂ ಗೊತ್ತು’ ಎನ್ನುತ್ತಿದ್ದ. ಇದು ಅಳತೆಯ ಉತ್ತರ ಎಂದು ನಮಗೆ ಆಗ ಹೊಳೆದಿರಲಿಲ್ಲ.

2016ರ ಸೆಪ್ಟೆಂಬರಿನ ಒಂದು ಸಂಜೆ ನಾನೂ ರೆಜಿನಾಳೂ ರೊಟ್ಟಿಗೆ ಸರದಿಯಲ್ಲಿ ನಿಂತಿದ್ದೆವು. ರೆಜಿನಾ ನನ್ನ ಹೆಂಡತಿ, ಜಾಬ್ರಿಯಾದ ಒಂದು ಆಸ್ಪತ್ರೆಯಲ್ಲಿ ನರ್ಸು. ಅವಳು ಫೋನಿನಲ್ಲಿ ನಕಾಶೆ ನೋಡುತ್ತಿದ್ದುದನ್ನು ಕಂಡು ನೊರೂಜ್ ಕೇಳಿದ: “ಸಿಸ್ಟರ್, ಅದರಲ್ಲಿ ನಿಮ್ಮ ಮಂಗಳೂರು ಬರುತ್ತದಾ?”

“ಮಂಗಳೂರೇನು, ನಮ್ಮ ಮನೆಯ ಹತ್ತಿರದ ಸಾರಾಯಿ ಗಡಂಗೂ ಬರುತ್ತದೆ.”

“ಹಾಗಾದರೆ ನನ್ನ ಗೆರ್ದೂಬಾದ್ ತೆಗೆಯಿರಿ.”

ತೆಗೆದಳು. ಇಂಗ್ಲಿಷಿನಲ್ಲಿ ಒಂದು ಪುಟ ಸಿಕ್ಕಿತು. ಪುಟ ಎನ್ನುವುದಕ್ಕಿಂತ ನಾಲ್ಕು ಸಾಲು. ಯಾವ ಹೋಬಳಿ, ಯಾವ ತಾಲೂಕು, ಯಾವ ಪ್ರಾಂತ ಎಂದು ಅವಳು ಓದುತ್ತಾ ಹೋದಂತೆ ನೊರೂಜ್ ಒಂದೊಂದಕ್ಕೂ ತಲೆಯಾಡಿಸಿದ. ಸರದಿಯಲ್ಲಿದ್ದವರ ಕಡೆ ಒಮ್ಮೆ ನೋಡಿದ, ಕೇಳಿದಿರಾ ಎನ್ನುವಂತೆ. ಕೊನೆಯ ಸಾಲಿಗೆ ಬಂದಾಗ ರೆಜಿನಾ ನಿಂತಳು. ಕೆಟ್ಟ ರಿಪೋರ್ಟು ಕೈಗೆ ಬಂದಾಗ ‘ಡಾಕ್ಟರು ಬಂದು ಹೇಳುತ್ತಾರೆ’ ಎನ್ನುವ ಮುಖ ಮಾಡಿ ಫೋನನ್ನು ನನ್ನ ಕೈಗಿತ್ತಳು.

ನಾನು ಓದಿದೆ. 2006ರ ಜನಗಣತಿಯಲ್ಲಿ ಈ ಹಳ್ಳಿಯ ಅಸ್ತಿತ್ವವನ್ನು ಗಮನಿಸಲಾಗಿದೆ. ಆದರೆ ಜನಸಂಖ್ಯೆ ವರದಿಯಾಗಿಲ್ಲ.

ಅದನ್ನು ಹಿಂದಿಯಲ್ಲಿ ಹೇಳಿದೆ. ನೊರೂಜನ ಕೊಕ್ಕೆಯಲ್ಲಿದ್ದ ರೊಟ್ಟಿ ಜಾರಿ ಬೆಂಕಿಗೆ ಬಿತ್ತು. ಅವನ ಕೈಯಿಂದ ರೊಟ್ಟಿ ಬಿದ್ದದ್ದನ್ನು ನಾವು ಯಾರೂ ಅದುವರೆಗೆ ನೋಡಿರಲಿಲ್ಲ.

ಕರಟಿದ ವಾಸನೆಗೆ ಮಮ್ಮು ಬಕಾಲಾದಿಂದ ಹೊರಗೆ ಬಂದರು. “ಎಂತ ಬಾಯಮ್ಮ, ಯಾರು ಹೋದದ್ದು?”

“ಯಾರೂ ಹೋಗ್ಲಿಲ್ಲ ಬ್ಯಾರ್ರೆ,” ಎಂದಳು ರೆಜಿನಾ. “ಊರೇ ಹೋದದ್ದು.”

ನಮ್ಮೂರ ಕಡೆ ಕರೆಯುವುದೇ ಹಾಗೆ: ಕ್ರೈಸ್ತ ಹೆಂಗಸು ಬಾಯಮ್ಮ, ಗಂಡಸು ಪೊರ್ಬು, ಮುಸಲ್ಮಾನ ಬ್ಯಾರಿ. ಮಮ್ಮುವಿಗೆ ವಿಷಯ ತಿಳಿಯಿತು. ಅವರು ಗಡ್ಡ ಸವರಿಕೊಂಡು, “ಅಂದ್ರೆ ಊರು ಆಟಕ್ಕುಂಟು, ಲೆಕ್ಕಕ್ಕಿಲ್ಲ,” ಎಂದು ತೀರ್ಪು ಕೊಟ್ಟರು. ಇದನ್ನೂ ನೊರೂಜನಿಗೆ ಹಿಂದಿಯಲ್ಲಿ ಹೇಳಬೇಕೆಂದು ಅವರಿಗೆ ಅನಿಸಿದ್ದು ನಮ್ಮ ದುರದೃಷ್ಟ.

“ನನ್ನ ಅಮ್ಮ ಅಲ್ಲಿದ್ದಾಳೆ!” ನೊರೂಜ್ ಕೊಕ್ಕೆಯನ್ನು ಎತ್ತಿ ಹಿಡಿದಿದ್ದ. “ನನ್ನ ಹೆಂಡತಿ ಅಲ್ಲಿದ್ದಾಳೆ! ಅಮ್ಮ ಎಂಬತ್ತು ದಾಟಿದ ಹೆಂಗಸು, ಅವಳನ್ನು ಗಮನಿಸಿದರಂತೆ, ಎಣಿಸಲಿಲ್ಲವಂತೆ! ಆಡನ್ನಾದರೂ ಎಣಿಸುತ್ತಾರೆ!”

ಸರದಿಯ ಹಿಂದಿನಿಂದ ಯಾರೋ “ಯಲ್ಲಾ, ಖುಬ್ಸ್!” ಎಂದು ಕೂಗಿದರು. ಅವತ್ತು ನಮಗೆ ಸಿಕ್ಕ ರೊಟ್ಟಿಗಳ ಒಂದು ಬದಿ ಕಪ್ಪಾಗಿತ್ತು.

ಇದಕ್ಕೆ ಕಾರಣವೇನೆಂದು ನಾನು ಹುಡುಕಿದೆ. ತುಂಬ ಸರಳ. ನಾಲ್ಕಕ್ಕಿಂತ ಕಡಿಮೆ ಕುಟುಂಬಗಳಿರುವ ಹಳ್ಳಿಯ ಸಂಖ್ಯೆಯನ್ನು ಅಚ್ಚು ಹಾಕುವುದಿಲ್ಲ. ಅಷ್ಟು ಕಡಿಮೆ ಮನೆಗಳಿದ್ದರೆ ಸಂಖ್ಯೆಯಿಂದಲೇ ಒಬ್ಬೊಬ್ಬರ ಮನೆಯ ವಿಷಯ ಹೊರಗೆ ಗೊತ್ತಾಗಿಬಿಡುತ್ತದೆ, ಅದಕ್ಕೆ. ಮರುದಿನ ನೊರೂಜನಿಗೆ, ಇದು ಅವಮಾನವಲ್ಲ, ನಿಮ್ಮ ಗುಟ್ಟು ಕಾಪಾಡಲು ಮಾಡಿದ್ದು ಎಂದು ವಿವರಿಸಿದೆ.

“ಗುಟ್ಟು?” ಎಂದ. “ಲ್ಯಾನ್ಸಿ ಭಾಯಿ, ನನ್ನ ಅಮ್ಮ ಕೆಮ್ಮಿದರೆ ಸಫರ್ ಚಿಕ್ಕಪ್ಪನ ಮನೆಯಿಂದ ನೀರು ಬರುತ್ತದೆ. ನಮ್ಮಲ್ಲಿ ಯಾರಿಗೆ ಗುಟ್ಟು ಬೇಕು?”

ಆಮೇಲೆ ಬೆರಳು ಮಡಿಸಿ ಎಣಿಸಿದ. ಅಮ್ಮ ಮತ್ತು ಅವನ ಹೆಂಡತಿ ಗೊಲಂದಾಮ್ ಒಂದು ಮನೆ, ಇಬ್ಬರು. ಅಣ್ಣ ಖೊದಾದಾದ್, ಅತ್ತಿಗೆ, ಅವರ ಮಗ ಬೆಹ್ರೂಜ್, ಸೊಸೆ, ಮೊಮ್ಮಗು, ಎರಡನೆಯ ಮನೆ, ಐವರು. ಸಫರ್ ಚಿಕ್ಕಪ್ಪ ಮತ್ತು ಚಿಕ್ಕಮ್ಮ ಮೂರನೆಯದು. ಒಟ್ಟು ಒಂಬತ್ತು ಜನ. ಅವನ ಒಬ್ಬಳೇ ಮಗಳು ಮದುವೆಯಾಗಿ ಬೇರೆ ಊರು ಸೇರಿದ್ದಾಳೆ. ಎಲ್ಲರಿಗೂ ಎಲ್ಲರೂ ಗೊತ್ತು ಎಂಬುದು ಅಕ್ಷರಶಃ ನಿಜವಾಗಿತ್ತು.

ಇದು ಅವನಿಗೆ ಯಾಕೆ ಅಷ್ಟು ತಾಗಿತು ಎಂಬುದನ್ನು ಅವನೇ ಹೇಳಿದ. ಪಾಸ್‌ಪೋರ್ಟಿನಲ್ಲೂ ಇಲ್ಲಿಯ ವಾಸದ ಪರವಾನಗಿಯಾದ ಇಕಾಮಾದಲ್ಲೂ ಅವನ ಹುಟ್ಟೂರು ಶಿರಾಜ್ ಎಂದಿದೆ. ಬರೆದುಕೊಳ್ಳುವವನಿಗೆ ಗೆರ್ದೂಬಾದ್ ಎಲ್ಲಿದೆ ಎಂದು ಗೊತ್ತಿರಲಿಲ್ಲ, ಹುಡುಕುವ ಪುರುಸೊತ್ತೂ ಇರಲಿಲ್ಲ. “ನಾನು ಶಿರಾಜನ್ನು ಮೊದಲ ಸಲ ನೋಡಿದ್ದು ಹಲ್ಲು ಕೀಳಿಸಲು ಹೋದಾಗ. ನನ್ನ ಊರಿನ ಹೆಸರು ನನ್ನ ಯಾವ ಕಾಗದದಲ್ಲೂ ಇಲ್ಲ. ಈಗ ಊರಿನ ಕಾಗದದಲ್ಲಿ ಊರಿನವರೂ ಇಲ್ಲ. ಹೊಸ ಗಣತಿ ಮುಂದಿನ ತಿಂಗಳು ಶುರುವಾಗುತ್ತದೆ. ಅಮ್ಮ ಇರುವಾಗ ಒಂದು ಸಲ ಎಣಿಸಿ ಅಚ್ಚು ಹಾಕಲಿ. ಅದರ ಮುಂದಿನದಕ್ಕೆ ಅವಳು ಇರುತ್ತಾಳೋ ಇಲ್ಲವೋ.”

ಅಂದರೆ ಬೇಕಾಗಿದ್ದುದು ಇನ್ನೊಂದು ಮನೆ. ಜನ ಹೆಚ್ಚಾಗಬೇಕಿಲ್ಲ, ಮನೆ ಹೆಚ್ಚಾದರೆ ಸಾಕು.

“ಇಷ್ಟೇಯಾ?” ಎಂದರು ಮಮ್ಮು. “ಇದಕ್ಕೆ ನಮ್ಮ ಬಿಎಸ್ಸಿ ಪೊರ್ಬುಗಳ ತಲೆ ಬೇಡ. ಇದಕ್ಕೆ ರೇಷನ್ ಕಾರ್ಡಿನ ತಲೆ ಬೇಕು.”

ಉಳ್ಳಾಲದಲ್ಲಿ ಅವರು ನಾಲ್ವರು ಅಣ್ಣತಮ್ಮಂದಿರು, ಮನೆ ಒಂದೇ. ಎಷ್ಟೋ ವರ್ಷದ ಹಿಂದೆ ರೇಷನ್ ಕಾರ್ಡು ಹೊಸದಾಗಿ ಮಾಡುವಾಗ ಕಚೇರಿಯವರು ಹೇಳಿದ್ದರು: ಗೋಡೆ ಎಷ್ಟಿದೆ ಎಂಬುದು ನಮಗೆ ಬೇಡ, ಒಲೆ ಎಷ್ಟಿದೆ ತೋರಿಸಿ. ಒಲೆ ಬೇರೆಯಾದರೆ ಕುಟುಂಬ ಬೇರೆ. ತನಿಖೆಗೆ ಬರುವ ದಿನ ಮಮ್ಮುವಿನ ತಾಯಿ ಕುಂಞಿಪಾತುಮ್ಮ ನಾಲ್ಕು ಮೂಲೆಗಳಲ್ಲಿ ನಾಲ್ಕು ಒಲೆ ಹೂಡಿಸಿ, ನಾಲ್ವರು ಸೊಸೆಯಂದಿರನ್ನು ಎದುರಿಗೆ ಕೂರಿಸಿದರು. ಮೀನಿನ ಸಾರು ಮಾಡಿದ್ದು ಒಂದೇ ಪಾತ್ರೆಯಲ್ಲಿ. ಉಳಿದ ಮೂರರಲ್ಲಿ ಬರೀ ನೀರು ಕುದಿಯುತ್ತಿತ್ತು. “ಬಂದವ ಮುಚ್ಚಳ ತೆಗೀಲಿಲ್ಲ ಮಾರಾಯ್ರೆ. ನಮ್ಮ ಉಮ್ಮನ ಮುಖ ನೋಡಿದವ ಯಾರೂ ಮುಚ್ಚಳ ತೆಗೀಲಿಕ್ಕಿಲ್ಲ.”

ಇರಾನಿನ ಗಣತಿಯ ನಿಯಮವನ್ನೂ ನಾನು ನೋಡಿದೆ. ಒಟ್ಟಿಗೆ ವಾಸಿಸಿ, ಖರ್ಚು ಹಂಚಿಕೊಂಡು, ಒಟ್ಟಿಗೆ ಉಣ್ಣುವವರು ಒಂದು ಕುಟುಂಬ. ಕುಂಞಿಪಾತುಮ್ಮನ ಸಿದ್ಧಾಂತ ಅಲ್ಲಿಗೂ ಸರಿಹೊಂದುತ್ತಿತ್ತು. ಬೆಹ್ರೂಜನೂ ಅವನ ಹೆಂಡತಿಯೂ ಬೇರೆ ಒಲೆ ಹೂಡಿದರೆ ನಾಲ್ಕು ಮನೆ ಆಯಿತು, ಖಲಾಸ್.

ಶುಕ್ರವಾರದ ಮಧ್ಯಾಹ್ನ ತಂದೂರಿಗೆ ಬಿಡುವು. ಹಿಟ್ಟಿನ ಡಬ್ಬದ ಮೇಲೆ ಫೋನನ್ನು ಒರಗಿಸಿ ನೊರೂಜ್ ಇಮೋದಲ್ಲಿ ಊರಿಗೆ ವಿಡಿಯೊ ಕರೆ ಮಾಡಿದ. ಆ ಊರಿನಲ್ಲಿ ಸಿಗ್ನಲ್ ಸಿಗುವುದು ಅವನ ಅಮ್ಮನ ಮನೆಯ ಮಾಡಿನ ಮೇಲೆ ಮಾತ್ರ. ಮಣ್ಣಿನ ಚಪ್ಪಟೆ ಮಾಡು. ಆದ್ದರಿಂದ ಕುಟುಂಬದ ಸಭೆ ನಡೆಯುವುದೂ ಅಲ್ಲೇ. ಏಣಿ ಹತ್ತಲಾರದ ಅಮ್ಮ ಕೆಳಗೆ ಅಂಗಳದಲ್ಲಿ ಕೂತು ಕೂಗುತ್ತಾರೆ. ಮೇಲಿರುವವರು ಅದನ್ನು ಫೋನಿಗೆ ದಾಟಿಸುತ್ತಾರೆ. ನೊರೂಜ್ ನಮಗೆ ದಾಟಿಸುತ್ತಾನೆ.

ಅಮ್ಮನ ಮಾತು ಮೂರು ಕೈ ದಾಟಿ ನಮ್ಮನ್ನು ತಲುಪಿತು: ಒಲೆ ಬೇರೆ ಮಾಡುವುದೇ? ಜಗಳ ಎಲ್ಲಿ?

ಆ ಊರಿನ ಪದ್ಧತಿ ಹಾಗೆ. ಜಗಳವಾಗದೆ ಒಲೆ ಬೇರೆಯಾಗುವುದಿಲ್ಲ. ಸುಮ್ಮಸುಮ್ಮನೆ ಬೇರೆ ಒಲೆ ಹೂಡಿದರೆ ಮನೆಯಲ್ಲಿ ಹೇಳಲಾಗದ ಯಾವುದೋ ಕೆಟ್ಟದ್ದು ನಡೆದಿದೆ ಎಂದು ಜನ ಆಡಿಕೊಳ್ಳುತ್ತಾರೆ. ಯಾವ ಜನ ಎಂದು ನೊರೂಜ್ ಕೇಳಿದ. ಸಫರ್ ಚಿಕ್ಕಪ್ಪ ಎಂದು ಉತ್ತರ ಬಂತು. ಆ ಸಫರ್ ಚಿಕ್ಕಪ್ಪನೂ ಮಾಡಿನ ಮೇಲೆ ನಿಂತು, ಹೌದು, ನಾನು ಆಡಿಕೊಳ್ಳುತ್ತೇನೆ ಎಂಬಂತೆ ಕ್ಯಾಮೆರಾಕ್ಕೆ ತಲೆಯಾಡಿಸಿದ.

“ಸರಿ, ಜಗಳ ಮಾಡಲಿ,” ಎಂದರು ಮಮ್ಮು. “ಜಗಳಕ್ಕೆಂತ ಬರಗಾಲ? ಅಂಜಲ್ ಮೀನಿನ ತಲೆ ಯಾರಿಗೆ ಹೋಯ್ತು ಅಂತ ಶುರು ಮಾಡ್ಲಿ. ನಮ್ಮಲ್ಲಿ ಅದ್ರಲ್ಲೇ ಎರಡು ಮನೆ ಒಡೆದಿದೆ.”

“ಭಾಯಿ, ಅಲ್ಲಿ ಸಮುದ್ರ ಇಲ್ಲ.”

“ತೆಂಗಿನಕಾಯಿ ಲೆಕ್ಕ?”

“ತೆಂಗಿನ ಮರವೂ ಇಲ್ಲ.”

“ಮತ್ತೆ ಯಾವುದರ ಮೇಲೆ ಬದುಕುತ್ತಾರೆ ಇವರು?” ಮಮ್ಮು ನನ್ನ ಕಡೆ ತಿರುಗಿದರು. “ಬಾಯಮ್ಮನನ್ನು ಕೇಳಿ ಪೊರ್ಬುಗಳೇ. ನಿಮ್ಮ ಮನೇಲಿ ಎಂತದಕ್ಕೆ ಆಗುದು?”

ರೆಜಿನಾ ಯೋಚಿಸಲೂ ಇಲ್ಲ. “ಎಸಿ. ಇವರಿಗೆ ಇಪ್ಪತ್ತೆರಡು ಬೇಕು, ನನಗೆ ಇಪ್ಪತ್ತಾರು.”

ಅಲ್ಲಿ ಎಸಿಯೂ ಇರಲಿಲ್ಲ. ಕೊನೆಗೆ, ಸಾರಿಗೆ ಉಪ್ಪು ಹೆಚ್ಚಾಯಿತು ಎಂದು ಅತ್ತಿಗೆ ತನ್ನ ಸೊಸೆಗೆ ಬೈಯುವುದೆಂದು ತೀರ್ಮಾನವಾಯಿತು. ಅತ್ತಿಗೆ ಶುರುಮಾಡಿದಳು. ಎರಡು ಮಾತು ಬೈದು, ಮೂರನೆಯದಕ್ಕೆ ಸೊಸೆಯ ಕೆನ್ನೆ ಹಿಡಿದು ನಕ್ಕುಬಿಟ್ಟಳು. ಸೊಸೆ ನಕ್ಕಳು. ಬೆಹ್ರೂಜನ ಕೈಯಲ್ಲಿದ್ದ ಫೋನು ಅಲುಗಾಡಿ ನಮಗೆ ಬರೀ ಆಕಾಶ ಕಂಡಿತು. ಮುಂದಿನ ಶುಕ್ರವಾರವೂ ಇದೇ ಕತೆ. ಒಂಬತ್ತು ಜನರ ಆ ಊರಿನಲ್ಲಿ ಜಗಳವಾಡಲು ಬರುವವರು ಒಬ್ಬರೂ ಸಿಗಲಿಲ್ಲ. ನೊರೂಜ್ ಮೊದಲ ಸಲ ತನ್ನ ಊರಿನ ಬಗ್ಗೆ ನಾಚಿಕೆಪಟ್ಟದ್ದನ್ನು ಆಗ ನಾನು ನೋಡಿದೆ.

ಮೂರನೆಯ ಶುಕ್ರವಾರ ಗೊಲಂದಾಮ್ ಫೋನನ್ನು ಕೈಗೆ ತೆಗೆದುಕೊಂಡಳು. ಅದುವರೆಗೆ ಅವಳು ಹಿಂದೆ ಕೂತು ಉಣ್ಣೆ ನೂಲುತ್ತಿದ್ದವಳು. ಅವಳು ತುಂಬ ಹೊತ್ತು ಮಾತಾಡಿದಳು. ನೊರೂಜ್ ಅನುವಾದ ನಿಲ್ಲಿಸಿಬಿಟ್ಟಿದ್ದ.

“ಎಂತ ಹೇಳ್ತಾಳೆ?” ಎಂದು ಮಮ್ಮು ಮೊಣಕೈಯಿಂದ ತಿವಿದರು.

“ಒಲೆ ಕೊಡುವುದಾದರೆ ವಯಸ್ಸಿನ ಪ್ರಕಾರ ಕೊಡಿ ಎನ್ನುತ್ತಾಳೆ,” ಎಂದ ನೊರೂಜ್ ಸಣ್ಣ ದನಿಯಲ್ಲಿ. “ನಿನ್ನೆ ಮೊನ್ನೆ ಬಂದ ಹುಡುಗಿಗೆ ಯಾಕೆ ಒಲೆ? ನಾನು ಮದುವೆಯಾದಾಗಿನಿಂದ ಅತ್ತೆಯ ಒಲೆಯಲ್ಲಿ ಬೇಯಿಸುತ್ತಿದ್ದೇನೆ. ನನ್ನ ಗಂಡ ಕುವೈತಿನಲ್ಲಿ ಇಡೀ ಜಗತ್ತಿಗೆ ರೊಟ್ಟಿ ಸುಡುತ್ತಾನೆ, ನನಗೆ ಒಂದು ಒಲೆ ಕಟ್ಟಿಕೊಟ್ಟಿಲ್ಲ. ನಾಲ್ಕನೆಯದು ನನ್ನದು. ಜಗಳ ಬೇಕಾದರೆ ಅದನ್ನೂ ನಾನೇ ನೋಡಿಕೊಳ್ಳುತ್ತೇನೆ.”

“ಅಲ್ಲಾ,” ಎಂದರು ಮಮ್ಮು. “ಇದು ನಮ್ಮ ಮರಿಯಮ್ ಬೀವಿಯ ದನಿ.” ಮರಿಯಮ್ ಬೀವಿ ಉಳ್ಳಾಲದಲ್ಲಿರುವ ಅವರ ಹೆಂಡತಿ.

ಗೊಲಂದಾಮ್ ಯಾರ ಅಪ್ಪಣೆಗೂ ಕಾಯಲಿಲ್ಲ. ಅದೇ ಅಂಗಳದ ಇನ್ನೊಂದು ಬದಿಯಲ್ಲಿ ಹಳೆಯ ಆಡಿನ ಕೋಣೆಯನ್ನು ಗುಡಿಸಿ, ಮಣ್ಣು ಕಲಸಿ, ತಾನೇ ಒಲೆ ಹಾಕಿದಳು. ಮೊದಲ ದಿನ ಆಶ್ ಮಾಡಿದಳು. ಕಾಳು, ಸೊಪ್ಪು ಹಾಕಿದ ದಪ್ಪ ಗಂಜಿ ಅದು. ಅವಳ ಅತ್ತೆ ಆಶಿಗೆ ಯಾವಾಗಲೂ ಕಶ್ಕ್ ಹಾಕುತ್ತಾರೆ. ಕಶ್ಕ್ ಎಂದರೆ ಮಜ್ಜಿಗೆಯನ್ನು ಕಾಯಿಸಿ ಬಸಿದು ಒಣಗಿಸಿದ ಹುಳಿ ಉಂಡೆ. ಊರಿನಲ್ಲಿ ಅವರ ಕಶ್ಕಿಗೆ ಹೆಸರಿದೆ. ಗೊಲಂದಾಮಳಿಗೆ ಅದರ ವಾಸನೆ ಮದುವೆಯ ಮೊದಲ ದಿನದಿಂದಲೂ ಆಗುತ್ತಿರಲಿಲ್ಲ, ಅಷ್ಟು ವರ್ಷವೂ ಹೇಳಿರಲಿಲ್ಲ. ತನ್ನ ಒಲೆಯ ಮೇಲೆ ಅವಳು ಕಶ್ಕ್ ಹಾಕಲಿಲ್ಲ. ಬದಲಿಗೆ ನಿಂಬೆ ಹಿಂಡಿದಳು. ಖೊದಾದಾದನ ಮನೆಯವರು ಬಟ್ಟಲು ಹಿಡಿದು ಬಂದು ಉಂಡು, ಚೆನ್ನಾಗಿದೆ ಎಂದರು. ಅಂಗಳದ ಈಚೆ ಬದಿಯಲ್ಲಿ ಅಮ್ಮ ಅದನ್ನು ಕೇಳಿಸಿಕೊಂಡರು.

ಗಣತಿಯವನು ಬಂದದ್ದು ನವೆಂಬರಿನಲ್ಲಿ, ಸಂಜೆ. ಆ ದಾರಿಯ ಕೊನೆಯ ಊರು ಗೆರ್ದೂಬಾದ್. ಅದೇ ಹೊತ್ತಿಗೆ ಅಬು ಹಲೀಫಾದಲ್ಲಿ ರೊಟ್ಟಿಯ ಸರದಿ ಇಸ್ತ್ರಿ ಅಂಗಡಿಯವರೆಗೆ ಬೆಳೆದಿತ್ತು. ಹಿಟ್ಟಿನ ಡಬ್ಬದ ಮೇಲೆ ಫೋನು ಹೊಡೆದುಕೊಂಡಿತು. ನೊರೂಜ್ ಒಂದು ಕೈಯಲ್ಲಿ ಕೊಕ್ಕೆ ಹಿಡಿದೇ ಕಿರುಬೆರಳಿನಿಂದ ಒತ್ತಿದ.

ಪರದೆಯಲ್ಲಿ ಸಣ್ಣ ಪ್ರಾಯದ ಒಬ್ಬ ಕನ್ನಡಕದವನು ಕಂಡ. ಕೈಯಲ್ಲಿ ಟ್ಯಾಬು, ಮೈಯೆಲ್ಲ ದಾರಿಯ ಧೂಳು. ಕುವೈತಿನಲ್ಲಿರುವ ಯಜಮಾನನೊಬ್ಬನಿಗೆ ಮುಖ ತೋರಿಸಬೇಕೆಂದು ಅವನನ್ನು ಏಣಿ ಹತ್ತಿಸಿ ಮಾಡಿನ ಮೇಲೆ ನಿಲ್ಲಿಸಿದ್ದರು. ಗಣತಿಯ ಯಾವ ನಿಯಮದಲ್ಲೂ ಅದು ಇರಲಾರದು. ಮೇಲಿನಿಂದ ಅವನಿಗೆ ಊರು ಪೂರ್ತಿ ಕಂಡಿತು. ನಾಲ್ಕು ಕಡೆ ಹೊಗೆ ಏಳುತ್ತಿತ್ತು. ಬೆರಳಿನಿಂದ ಎಣಿಸಿ, ಕೆಳಗೆ ನೋಡಿ, ಏನೋ ಕೇಳಿದ.

“ಆ ಒಲೆಯ ಮಣ್ಣು ಇನ್ನೂ ಹಸಿಯಾಗಿದೆಯಲ್ಲ ಎನ್ನುತ್ತಿದ್ದಾನೆ,” ಎಂದ ನೊರೂಜ್. ರೊಟ್ಟಿಯ ಹಿಟ್ಟು ಅವನ ಕೈಯಿಂದ ಇಳಿಯತೊಡಗಿತು.

ಮಮ್ಮು ಬಕಾಲಾದ ಬಾಗಿಲಿನಿಂದ, “ಹಸಿ ಒಲೆಯೂ ಒಲೆಯೇ ಅಂತ ಹೇಳು! ಹೊಸತಾಗಿ ಮದುವೆಯಾದವರಿಗೆ ಮನೆ ಇಲ್ವಾ?” ಎಂದು ಕೂಗಿದರು.

ಗಣತಿಯವನು ದಡ್ಡನಲ್ಲ. ಗೊಲಂದಾಮಳನ್ನು ಬಿಟ್ಟು ನೇರವಾಗಿ ಅಂಗಳದಲ್ಲಿ ಕೂತ ಅಮ್ಮನನ್ನು ಕೇಳಿದ: ತಾಯೀ, ಈ ಸೊಸೆ ನಿಮ್ಮ ಜೊತೆ ಉಣ್ಣುತ್ತಾಳಾ, ಇಲ್ಲವಾ?

ನೊರೂಜ್ ಕೊಕ್ಕೆ ಕೆಳಗಿಟ್ಟ. “ಮುಗಿಯಿತು. ಅಮ್ಮ ಸುಳ್ಳು ಹೇಳುವುದಿಲ್ಲ. ಅಪ್ಪ ಸತ್ತಾಗ ತೆರಿಗೆಯವನು ಕೇಳಿದಾಗಲೂ, ಮರೆತ ಎರಡು ಆಡನ್ನು ತಾನಾಗಿಯೇ ನೆನಪಿಸಿ ಕೊಟ್ಟವಳು.”

ಸರದಿಯಲ್ಲಿ ಯಾರೂ ರೊಟ್ಟಿ ಕೇಳಲಿಲ್ಲ. ಹಿಂದಿ ಬಾರದ ಈಜಿಪ್ಟಿನವನೊಬ್ಬ ಏನಾಯಿತೆಂದು ಅರಬ್ಬಿಯಲ್ಲಿ ಕೇಳಿದ. ರೆಜಿನಾ ಆಸ್ಪತ್ರೆಯ ಅರಬ್ಬಿಯಲ್ಲಿ, “ತಾಯಿ ಮಾತಾಡಬೇಕು, ಕಾಯಿರಿ,” ಎಂದಳು.

ತಾಯಿ ಮಾತಾಡಿದರು. ಫೋನಿನ ಅಗತ್ಯವೇ ಇರಲಿಲ್ಲವೇನೋ. ಕೆಳಗಿನ ಅಂಗಳದಿಂದ ಬಂದ ದನಿಗೆ ಗಣತಿಯವನು ಮಾಡಿನ ಅಂಚಿನಿಂದ ಒಂದು ಹೆಜ್ಜೆ ಹಿಂದೆ ಸರಿದ. ಗೊಲಂದಾಮ್ ಆಚೆ ಬದಿಯಿಂದ ಉತ್ತರ ಕೊಟ್ಟಳು. ಅಮ್ಮ ಅದಕ್ಕೆ ಉತ್ತರ ಕೊಟ್ಟರು. ಸಫರ್ ಚಿಕ್ಕಪ್ಪ ನಡುವೆ ಬಾಯಿ ಹಾಕಿ ಇಬ್ಬರಿಂದಲೂ ಉಗಿಸಿಕೊಂಡ. ಗಣತಿಯವನು ತಲೆ ತಗ್ಗಿಸಿ ಟ್ಯಾಬಿನಲ್ಲಿ ಬೇಗಬೇಗ ಒತ್ತತೊಡಗಿದ.

ನೊರೂಜ್ ಅನುವಾದ ಮರೆತು ಪರದೆಯನ್ನೇ ನೋಡುತ್ತಿದ್ದ.

“ಹೇಳು ಮಾರಾಯ!” ಎಂದು ಮಮ್ಮು ಕನ್ನಡದಲ್ಲೇ ಗದರಿದರು.

“ಅಮ್ಮ ಹೇಳುತ್ತಾಳೆ, ಕಶ್ಕ್ ಇಲ್ಲದೆ ಆಶ್ ಮಾಡುವವಳು ನನ್ನ ಮನೆಯವಳಲ್ಲ. ನಿಂಬೆ ಹಿಂಡುವವಳ ಜೊತೆ ನಾನು ಉಣ್ಣುವುದಿಲ್ಲ. ಅವಳದ್ದು ಬೇರೆ ಒಲೆ, ಬೇರೆ ಮನೆ, ಬರೆದುಕೋ.” ನೊರೂಜ್ ಕೈಯ ಹಿಟ್ಟನ್ನು ಒರೆಸಿಕೊಂಡ. “ಗೊಲಂದಾಮ್ ಹೇಳುತ್ತಾಳೆ, ಇಷ್ಟು ವರ್ಷ ಮೂಗು ಹಿಡಿದುಕೊಂಡು ಉಂಡಿದ್ದೇನೆ, ಅದನ್ನೂ ಬರೆದುಕೋ.”

“ಬರೆದ?”

“ಬರೆದ. ನಾಲ್ಕು.”

ಸರದಿಯ ಮುಂದಿನವರು ಚಪ್ಪಾಳೆ ತಟ್ಟಿದರು, ಹಿಂದಿನವರು ರೊಟ್ಟಿ ಬಂತೆಂದು ತಿಳಿದು ಚಪ್ಪಾಳೆ ತಟ್ಟಿದರು. ಈಜಿಪ್ಟಿನವನು ‘ಮಬ್ರೂಕ್’ ಎಂದು ಕೈಕುಲುಕಿದ. ನೊರೂಜ್ ಕೈ ಕೊಟ್ಟ, ನಗಲಿಲ್ಲ. “ಇದು ನಾಟಕ ಅಲ್ಲ ಸಿಸ್ಟರ್,” ಎಂದು ರೆಜಿನಾಳಿಗೆ ಮೆಲ್ಲಗೆ ಹೇಳಿದ. “ನನಗೆ ಅಮ್ಮನ ದನಿ ಗೊತ್ತು. ಇದು ನಿಜವಾದ ಜಗಳ.”

ಆ ಚಳಿಗಾಲವಿಡೀ ಅವನು ದಿನಕ್ಕೆ ಎರಡು ಕರೆ ಮಾಡಿದ. ಒಂದು ಅಮ್ಮನಿಗೆ, ಒಂದು ಗೊಲಂದಾಮಳಿಗೆ. ಅಮ್ಮ, ನನ್ನ ಒಲೆ ಉರಿಯುತ್ತಿದೆ ಎಂದಷ್ಟೇ ಕೆಳಗಿನಿಂದ ಕೂಗುತ್ತಿದ್ದರು. ಗೊಲಂದಾಮಳೂ ತನ್ನ ಒಲೆ ಉರಿಯುತ್ತಿದೆ ಎನ್ನುತ್ತಿದ್ದಳು. ಇನ್ನೊಬ್ಬಳು ಹೇಗಿದ್ದಾಳೆ ಎಂದು ಕೇಳಿದರೆ ಇಬ್ಬರೂ ಹವೆಯ ವಿಷಯಕ್ಕೆ ತಿರುಗುತ್ತಿದ್ದರು. ಚಹಾ, ಏಲಕ್ಕಿ, ಸಾಬೂನು, ಎಲ್ಲವನ್ನೂ ಮಮ್ಮುವಿನ ಬಕಾಲಾದಿಂದ ಎರಡೆರಡು ಕೊಂಡು, ಊರಿಗೆ ಹೋಗುವವರ ಕೈಯಲ್ಲಿ ಎರಡು ಗಂಟು ಮಾಡಿ ಕಳಿಸುತ್ತಿದ್ದ.

“ನಮ್ಮ ಐಡಿಯಾ ಸ್ವಲ್ಪ ಜಾಸ್ತಿಯೇ ಕೆಲಸ ಮಾಡ್ತಾ ಪೊರ್ಬುಗಳೇ?” ಎಂದು ಮಮ್ಮು ಒಂದು ದಿನ ನನ್ನನ್ನು ಕೇಳಿದರು. ಅವರು ಹಾಗೆ ದನಿ ತಗ್ಗಿಸಿ ಕೇಳಿದ್ದು ಅಪರೂಪ. “ನಮ್ಮಲ್ಲಿ ಮರುದಿನವೇ ಮೂರು ಒಲೆ ತೆಗೆದಿದ್ವು.”

ಮಾರ್ಚಿನಲ್ಲಿ, ಅವರ ಹೊಸ ವರ್ಷಕ್ಕೆ, ನೊರೂಜನಿಗೆ ರಜೆ ಸಿಕ್ಕಿತು. ಮೊದಲು ಯಾರ ಮನೆಯಲ್ಲಿ ಉಣ್ಣಬೇಕೆಂದು ವಾರಗಟ್ಟಲೆ ತಲೆ ಕೆಡಿಸಿಕೊಂಡ. ಅಮ್ಮನಲ್ಲಿ ಉಂಡರೆ ಹೆಂಡತಿ, ಹೆಂಡತಿಯಲ್ಲಿ ಉಂಡರೆ ಅಮ್ಮ. ರೆಜಿನಾ ಹೇಳಿದಳು: “ಬಸ್‌ಸ್ಟ್ಯಾಂಡಿನಲ್ಲೇ ಹೊಟ್ಟೆ ತುಂಬ ತಿಂದು ಹೋಗಿ. ಇಬ್ಬರಿಗೂ ಹೊಟ್ಟೆ ಸರಿ ಇಲ್ಲ ಅನ್ನಿ. ನಾನು ಬೇಕಾದರೆ ಚೀಟಿ ಬರೆದುಕೊಡುತ್ತೇನೆ.”

ಹೋಗಿ ಬಂದವನು ಮರುದಿನ ಸಂಜೆ ರೊಟ್ಟಿ ಸುಡುತ್ತಾ ಹೇಳಿದ ಕತೆ ಇದು.

ಅಂಗಳಕ್ಕೆ ಕಾಲಿಟ್ಟಾಗ ಅಮ್ಮ ಅಪ್ಪಿಕೊಂಡು, ಕೈತೊಳೆದುಕೊಂಡು ಅಲ್ಲಿಗೆ ಹೋಗು, ಹೊಸ ಮನೆಗೆ ಮೊದಲ ಅತಿಥಿಯ ಹಕ್ಕು ಎಂದರಂತೆ. ಇವನು ಅನುಮಾನಿಸುತ್ತಾ ಆಡಿನ ಕೋಣೆಗೆ ಹೋಗಿ ಕೂತ. ಗೊಲಂದಾಮ್ ಬಟ್ಟಲು ಇಟ್ಟಳು. ಇವನ ಮುಂದೆ ಒಂದು, ಪಕ್ಕದಲ್ಲಿ ಇನ್ನೊಂದು. ಪಕ್ಕದ್ದು ಯಾರಿಗೆ ಎಂದು ಕೇಳುವಷ್ಟರಲ್ಲಿ ಅಮ್ಮ ಕೋಲೂರಿಕೊಂಡು ಬಂದು, ಆ ಬಟ್ಟಲಿನ ಮುಂದೆ ಕೂತು, ಸೆರಗಿನ ಗಂಟು ಬಿಚ್ಚಿ ಒಂದು ಕಶ್ಕಿನ ಉಂಡೆಯನ್ನು ತೆಗೆದು ತಮ್ಮ ಆಶಿಗೆ ಮಾತ್ರ ಪುಡಿಮಾಡಿ ಹಾಕಿಕೊಂಡರು.

ಜಗಳ ನಿಜವೇ ಆಗಿತ್ತಂತೆ. ಗಣತಿಯವನು ಹೋದ ರಾತ್ರಿ ಪೂರ್ತಿ ಇತ್ತಂತೆ. ಮರುದಿನ ಮಂಜು ಬಿದ್ದು ಚಳಿ ಹೆಚ್ಚಾಗಿ, ಆಡಿನ ಕೋಣೆ ಬೆಚ್ಚಗಿದೆ ಎಂದು ಅಮ್ಮ ಅಲ್ಲಿಗೆ ಹೋದರು, ಹೋದವರು ಊಟವನ್ನೂ ಅಲ್ಲೇ ಮಾಡಿದರು. ಆಮೇಲೆ ದಿನವೂ ಅಲ್ಲೇ.

“ಹಾಗಾದರೆ ಫೋನಿನಲ್ಲಿ ಯಾಕೆ ಹೇಳಲಿಲ್ಲ?” ರೆಜಿನಾಳಿಗೆ ತಡೆಯಲಾಗಲಿಲ್ಲ.

“ಅಚ್ಚಾಗುವವರೆಗೆ ಹೇಳಬಾರದು ಎಂದು ಅಮ್ಮನ ಆಜ್ಞೆ. ಫೋನಿನಲ್ಲಿ ಹೇಳಿದ್ದು ಸರ್ಕಾರಕ್ಕೆ ಕೇಳಿಸಿದರೆ ನಾಲ್ಕನ್ನು ಅಳಿಸಿ ಮೂರು ಮಾಡಿಬಿಡುತ್ತಾರೆ ಎಂದು. ಸುಳ್ಳನ್ನೂ ಹೇಳುವ ಹಾಗಿಲ್ಲ. ಅದಕ್ಕೆ ಬೆಳಿಗ್ಗೆ ಎದ್ದು ತನ್ನ ಒಲೆ ಹೊತ್ತಿಸಿ, ಒಂದು ಲೋಟ ಚಹಾ ಮಾಡಿ ಕುಡಿದು, ನನಗೆ ‘ಒಲೆ ಉರಿಯುತ್ತಿದೆ’ ಎಂದು ಹೇಳಿ, ಊಟಕ್ಕೆ ಅಲ್ಲಿಗೆ ಹೋಗುತ್ತಿದ್ದಳು.”

ಮಮ್ಮು ನೆಲದಲ್ಲಿ ಕೂತು ನಕ್ಕರು. “ನಮ್ಮ ಉಮ್ಮ ಇದ್ದಿದ್ರೆ ಇವರನ್ನು ನೋಡ್ಲಿಕ್ಕೆ ಟಿಕೆಟ್ ತೆಗೀತಿದ್ರು,” ಎಂದರು.

ಸಂಖ್ಯೆ ಅಚ್ಚಾದದ್ದು ಆಮೇಲೆ ಎಷ್ಟೋ ತಿಂಗಳಿಗೆ. ಅಷ್ಟರಲ್ಲಿ ರೆಜಿನಾ ಆ ಪುಟವನ್ನು ತೆರೆದು ತೆರೆದು ಬೇಸತ್ತಿದ್ದಳು. ಒಂದು ಸಂಜೆ ಸರದಿಯಲ್ಲಿ ನಿಂತು ತೆರೆದಾಗ ಹೊಸ ಸಾಲು ಇತ್ತು. ಗಟ್ಟಿಯಾಗಿ ಓದಿದಳು: ಗೆರ್ದೂಬಾದ್, ಜನಸಂಖ್ಯೆ ಒಂಬತ್ತು, ಕುಟುಂಬ ನಾಲ್ಕು.

ನೊರೂಜ್ ಒಂದೊಂದೇ ಹೆಸರು ಹೇಳಿ ಬೆರಳು ಮಡಿಸಿದ. ಅಮ್ಮನ ಹೆಸರಿಗೆ ಹೆಬ್ಬೆರಳು. ಸರಿಯಾಗಿ ಒಂಬತ್ತು ಬಂತು. ಅವನ ಹತ್ತನೆಯ ಬೆರಳು, ಹಿಟ್ಟು ಮೆತ್ತಿದ ಬಲಗೈಯ ಕಿರುಬೆರಳು, ಮಡಿಯದೆ ಉಳಿಯಿತು. ಅದನ್ನು ಅವನು ಸ್ವಲ್ಪ ಹೊತ್ತು ನೋಡಿದ.

“ನಿನ್ನನ್ನು ಕುವೈತಿನವರು ಎಣಿಸಿದ್ದಾರೆ ಬಿಡು,” ಎಂದರು ಮಮ್ಮು. “ನನ್ನನ್ನೂ ಎಣಿಸಿದ್ದಾರೆ. ನಾವೆಲ್ಲ ಇಲ್ಲಿಯ ಲೆಕ್ಕ.”

ನೊರೂಜ್ ಕೈ ಒರೆಸಿಕೊಂಡು ಊರಿಗೆ ಕರೆ ಮಾಡಿದ. ಬೆಹ್ರೂಜ್ ಮಾಡಿನ ಮೇಲಿನಿಂದ ಕೆಳಗೆ ಕೂಗಿ ಸುದ್ದಿ ಮುಟ್ಟಿಸಿದ. ಕೆಳಗಿನಿಂದ ಒಂದೇ ಪ್ರಶ್ನೆ ಬಂತು. ನೊರೂಜ್ ಅದನ್ನು ನನಗೆ ದಾಟಿಸಿದ: “ಅಚ್ಚಾಯಿತಲ್ಲ, ಇನ್ನು ನನ್ನ ಒಲೆಯನ್ನು ಆರಿಸಬಹುದಾ ಎಂದು ಅಮ್ಮ ಕೇಳುತ್ತಾಳೆ. ಒಂದು ಲೋಟ ಚಹಾಕ್ಕೆ ಅಷ್ಟು ಸೌದೆ ದಂಡವಂತೆ.”

ಗಣತಿ ಮುಗಿದಿದೆ, ಧಾರಾಳವಾಗಿ ಆರಿಸಬಹುದು ಎಂದು ನಾನು ಹೇಳುವಷ್ಟರಲ್ಲಿ ಮಮ್ಮು ಎರಡೂ ಕೈ ಅಡ್ಡ ಹಿಡಿದು ಮುಂದೆ ಬಂದರು. “ಬೇಡ ಬೇಡ! ಪೊರ್ಬುಗಳಿಗೆ ಗೊತ್ತಿಲ್ಲ. ಕಾರ್ಡು ಕೊಟ್ಟ ಮೇಲೆ ಚೆಕಿಂಗಿಗೆ ಬರ್ತಾರೆ. ಮುಂದಿನ ಗಣತಿವರೆಗೆ ಆರಿಸಬಾರದು ಅಂತ ಹೇಳು.”

ನೊರೂಜ್ ನನ್ನನ್ನೂ ಮಮ್ಮುವನ್ನೂ ನೋಡಿ, ಮಮ್ಮುವಿನ ಮಾತನ್ನೇ ಫೋನಿಗೆ ಹೇಳಿದ. ಬೆಹ್ರೂಜ್ ಅದನ್ನು ಕೆಳಗೆ ಕೂಗಿದ. ಆಮೇಲೆ ಉತ್ತರ ಮೇಲಕ್ಕೆ ಬಂತು, ಅಲ್ಲಿಂದ ಕುವೈತಿಗೆ ಬಂತು. ನೊರೂಜ್ ತಂದೂರಿನ ಕಡೆ ತಿರುಗಿ, ಮುಖ ಕಾಣಿಸದಂತೆ ನಿಂತು ಅನುವಾದ ಮಾಡಿದ:

“ಹಾಗಾದರೆ ಸೌದೆ ಒಡೆಯುವುದಕ್ಕೆ ಆ ಮಮ್ಮುವನ್ನೇ ಕಳಿಸು ಎನ್ನುತ್ತಾಳೆ.”